ಸೋತ ಓಟವೇ ಬಂಡವಾಳ

ಕ್ರೀಡಾ ಚರಿತ್ರೆಯಲ್ಲಿ ಗೆದ್ದವರ ಹೆಸರು ಉಳಿಯುತ್ತದೆ, ಸೋತವರದು ಅಳಿಯುತ್ತದೆ. 1908ರ ಲಂಡನ್ ಒಲಿಂಪಿಕ್ಸ್‌ನ ಮ್ಯಾರಥಾನ್ ಓಟ ಈ ಮಾತಿಗೆ ಅಪವಾದ. ಅಲ್ಲಿ ಚಿನ್ನದ ಪದಕ ಪಡೆದವನು ಅಮೆರಿಕದ ಜಾನಿ ಹೇಯ್ಸ್. ಆದರೆ ಜನರ ನೆನಪಿನಲ್ಲಿ ನಿಂತವನು ಪದಕ ಕಳೆದುಕೊಂಡ ಇಟಲಿಯ ಡೊರಾಂಡೊ ಪಿಯೆಟ್ರಿ. ಅಷ್ಟೇ ಅಲ್ಲ, ಆ ಸೋಲೇ ಅವನಿಗೆ ಜೀವನೋಪಾಯವೂ ಆಯಿತು. ಓಟವನ್ನೇ ವೃತ್ತಿ ಮಾಡಿಕೊಂಡವನ ಬದುಕು ಆ ಕಾಲದಲ್ಲಿ ಹೇಗಿತ್ತು ಎಂಬುದಕ್ಕೆ ಪಿಯೆಟ್ರಿಯ ಕಥೆ ಒಳ್ಳೆಯ ಉದಾಹರಣೆ.

ಪಿಯೆಟ್ರಿ ಹುಟ್ಟಿದ್ದು 1885ರ ಅಕ್ಟೋಬರ್ 16ರಂದು, ಉತ್ತರ ಇಟಲಿಯ ಒಂದು ಹಳ್ಳಿಯಲ್ಲಿ. ಬೆಳೆದದ್ದು ಸಮೀಪದ ಕಾರ್ಪಿ ಪಟ್ಟಣದಲ್ಲಿ. ಅಲ್ಲಿನ ಮಿಠಾಯಿ ಅಂಗಡಿಯೊಂದರಲ್ಲಿ ಆತ ಕೆಲಸದ ಹುಡುಗ. 1904ರಲ್ಲಿ ಪೆರಿಕ್ಲೆ ಪಾಲ್ಯಾನಿ ಎಂಬ ಹೆಸರಾಂತ ಓಟಗಾರ ಸ್ಪರ್ಧೆಗೆಂದು ಕಾರ್ಪಿಗೆ ಬಂದಾಗ, ಈ ಹುಡುಗ ಕೆಲಸದ ಬಟ್ಟೆಯಲ್ಲೇ ಬೀದಿಗಿಳಿದು ಅವನ ಸರಿಸಮಕ್ಕೆ ಓಡಿದನೆಂದು ಅಲ್ಲಿನವರು ಹೇಳುತ್ತಾರೆ. ಎರಡೇ ವರ್ಷದಲ್ಲಿ ಆತ ಅಥೆನ್ಸಿನ ಕ್ರೀಡಾಕೂಟಕ್ಕೆ ಹೋದ. 1906ರ ಆ ಓಟದಲ್ಲಿ ಎಲ್ಲರಿಗಿಂತ ಮುಂದಿದ್ದರೂ ಹೊಟ್ಟೆ ಕೆಟ್ಟು ಅರ್ಧಕ್ಕೇ ನಿಲ್ಲಬೇಕಾಯಿತು.

1908ರ ಜುಲೈ 24ರಂದು ಲಂಡನ್ನಿನಲ್ಲಿ ಬಿಸಿಲು ಜೋರಾಗಿತ್ತು. ವಿಂಡ್ಸರ್ ಅರಮನೆಯಿಂದ ಹೊರಟ ಓಟ ಕ್ರೀಡಾಂಗಣದಲ್ಲಿ ರಾಣಿ ಕುಳಿತಿದ್ದ ಜಾಗದ ಎದುರು ಮುಗಿಯಬೇಕು. ಹೀಗೆ ಏರ್ಪಟ್ಟ 26 ಮೈಲಿ 385 ಗಜ, ಅಂದರೆ 42.195 ಕಿಲೋಮೀಟರ್, ಇಂದಿಗೂ ಮ್ಯಾರಥಾನಿನ ಅಧಿಕೃತ ದೂರ. ನಿಧಾನವಾಗಿ ಆರಂಭಿಸಿದ ಪಿಯೆಟ್ರಿ ಕೊನೆಯ ಹಂತದಲ್ಲಿ ದಕ್ಷಿಣ ಆಫ್ರಿಕದ ಚಾರ್ಲ್ಸ್ ಹೆಫೆರಾನ್‌ನನ್ನು ಹಿಂದಿಕ್ಕಿ ಕ್ರೀಡಾಂಗಣಕ್ಕೆ ಮೊದಲಿಗನಾಗಿ ಕಾಲಿಟ್ಟ. ಆ ಹೊತ್ತಿಗೆ ಅವನಿಗೆ ದಿಕ್ಕೇ ತೋಚುತ್ತಿರಲಿಲ್ಲ. ತಪ್ಪು ದಿಕ್ಕಿಗೆ ತಿರುಗಿದ, ಬಿದ್ದ, ಎದ್ದ, ಮತ್ತೆ ಬಿದ್ದ. ಉಳಿದಿದ್ದ ಸುಮಾರು 350 ಮೀಟರಿಗೆ ಹತ್ತು ನಿಮಿಷವೇ ಹಿಡಿಯಿತು. ಅಧಿಕಾರಿಗಳು ಮತ್ತು ವೈದ್ಯರು ಆತನನ್ನು ಎತ್ತಿ ನಿಲ್ಲಿಸಿ ಗುರಿ ದಾಟಿಸಿದರು. ಅವನ ಹಿಂದೆ ಅರ್ಧ ನಿಮಿಷದಲ್ಲಿ ಹೇಯ್ಸ್ ಬಂದ. ಅಮೆರಿಕದವರು ಆಕ್ಷೇಪಿಸಿದರು. ಪರರ ನೆರವು ಪಡೆದ ಕಾರಣಕ್ಕೆ ಪಿಯೆಟ್ರಿಯನ್ನು ಅನರ್ಹಗೊಳಿಸಲಾಯಿತು.

ನಿಯಮದ ಪ್ರಕಾರ ತೀರ್ಪು ಸರಿಯೇ. ಜನರ ಮನಸ್ಸು ಮಾತ್ರ ಬೇರೆ ತೀರ್ಪು ಕೊಟ್ಟಿತು. ಮರುದಿನ ರಾಣಿ ಅಲೆಕ್ಸಾಂಡ್ರಾ ಅವನಿಗೆ ಚಿನ್ನದ ಲೇಪದ ಬೆಳ್ಳಿ ಬಟ್ಟಲನ್ನು ಕೊಟ್ಟಳು. ಷರ್ಲಾಕ್ ಹೋಮ್ಸ್ ಕಥೆಗಳ ಕರ್ತೃ ಆರ್ಥರ್ ಕಾನನ್ ಡಾಯ್ಲ್ ಅಂದು ಪತ್ರಿಕೆಯೊಂದಕ್ಕೆ ವರದಿ ಬರೆಯಲು ಪ್ರೇಕ್ಷಕರ ನಡುವೆ ಕುಳಿತಿದ್ದ. ಆ ಪತ್ರಿಕೆಯ ಮೂಲಕ ಆತ ನಿಧಿ ಸಂಗ್ರಹಕ್ಕೆ ಕರೆ ಕೊಟ್ಟ. ಪಿಯೆಟ್ರಿ ಊರಿನಲ್ಲಿ ಸ್ವಂತ ಬೇಕರಿ ಇಟ್ಟುಕೊಳ್ಳಲೆಂದು 300 ಪೌಂಡಿಗೂ ಮೀರಿ ಹಣ ಸೇರಿತು.

ಆ ದಿನಗಳಲ್ಲಿ ಒಲಿಂಪಿಕ್ಸ್ ಹವ್ಯಾಸಿಗಳಿಗೆ ಮೀಸಲು. ಓಡಿ ಹಣ ಪಡೆದವನಿಗೆ ಅಲ್ಲಿ ಪ್ರವೇಶವಿಲ್ಲ. ಕೇಳಲು ಉದಾತ್ತವಾದ ಈ ನಿಯಮದ ಬೇರು ಇಂಗ್ಲೆಂಡಿನ ವರ್ಗಭೇದದಲ್ಲಿದೆ. ಹೆನ್ಲಿಯ ಪ್ರಸಿದ್ಧ ದೋಣಿ ಸ್ಪರ್ಧೆಯವರು 1879ರಲ್ಲಿ ಹವ್ಯಾಸಿ ಎಂದರೆ ಯಾರೆಂದು ವಿವರಿಸಿದಾಗ ಕುಶಲಕರ್ಮಿ, ಕೂಲಿಯಾಳು ಮುಂತಾಗಿ ಮೈಮುರಿದು ದುಡಿಯುವವರನ್ನೇ ಹೊರಗಿಟ್ಟಿದ್ದರು. ಮನೆಯಲ್ಲಿ ಉಂಡುಟ್ಟು ಸುಖವಾಗಿರುವವನಿಗೆ ಹವ್ಯಾಸ ಕಷ್ಟವಲ್ಲ. ದಿನದ ಸಂಬಳ ಬಿಟ್ಟು ಅಭ್ಯಾಸ ಮಾಡಬೇಕಾದ ಅಂಗಡಿ ಆಳಿಗೆ ಅದು ದುಬಾರಿ. ಪಿಯೆಟ್ರಿ ಒಲಿಂಪಿಕ್ಸಿನ ಬಾಗಿಲನ್ನು ತಾನೇ ಮುಚ್ಚಿಕೊಂಡು ಅಮೆರಿಕಕ್ಕೆ ಹೊರಟ.

ಅಲ್ಲಿ ಆಗ ಮ್ಯಾರಥಾನ್ ಜ್ವರ ಏರಿತ್ತು. 1908ರ ನವೆಂಬರ್ 25ರಂದು ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ ಒಳಾಂಗಣದಲ್ಲಿ ಪಿಯೆಟ್ರಿ ಮತ್ತು ಹೇಯ್ಸ್ ಮುಖಾಮುಖಿಯಾದರು. ರಸ್ತೆಯ ಓಟ ಸೂರಿನಡಿಗೆ ಬಂದಿತ್ತು. ಒಂದು ಮೈಲಿಗೆ ಹತ್ತು ಸುತ್ತಿನಂತೆ, ಸಿಗಾರಿನ ಹೊಗೆಯ ನಡುವೆ 260ಕ್ಕೂ ಹೆಚ್ಚು ಸುತ್ತು. ಪಿಯೆಟ್ರಿ ಗೆದ್ದ. ಮುಂದಿನ ಮಾರ್ಚ್‌ನಲ್ಲಿ ನಡೆದ ಮರುಪಂದ್ಯವನ್ನೂ ಗೆದ್ದ. ಅವನ ಹೆಸರಿನ ಮೇಲೆ ಇರ್ವಿಂಗ್ ಬರ್ಲಿನ್ ಹಾಡು ಬರೆದದ್ದೂ ಆಗಲೇ. ಆದರೆ ಆ ಹಾಡು ಇವನನ್ನು ನಂಬಿ ಪಣ ಕಟ್ಟಿ ದುಡ್ಡು ಕಳೆದುಕೊಂಡ ಕ್ಷೌರಿಕನದು. ಜನ ಕಾಸು ಕೊಟ್ಟು ನೋಡಲು ಬರುತ್ತಿದ್ದುದು ವೇಗವನ್ನಷ್ಟೇ ಅಲ್ಲ. ಲಂಡನ್ನಿನಲ್ಲಿ ಬಿದ್ದವನು ಇಲ್ಲಿಯೂ ಬಿದ್ದಾನೆಯೇ ಎಂಬ ಕುತೂಹಲವೂ ಟಿಕೆಟ್ ಮಾರುತ್ತಿತ್ತು.

ಬಿದ್ದದ್ದೂ ಉಂಟು. ಕೆನಡದ ಮೂಲನಿವಾಸಿ ಓಟಗಾರ ಟಾಮ್ ಲಾಂಗ್‌ಬೋಟ್‌ನ ಎದುರು 1908ರ ಡಿಸೆಂಬರ್‌ನಲ್ಲಿ ಓಡಿದಾಗ ಗುರಿ ಇನ್ನೊಂದು ಮೈಲಿಯಷ್ಟು ದೂರ ಇದ್ದಂತೆಯೇ ಪಿಯೆಟ್ರಿ ಕುಸಿದ. ಮೂರು ವಾರ ಕಳೆಯುವ ಮೊದಲೇ, 1909ರ ಜನವರಿ 2ರಂದು, ಬಫಲೋ ನಗರದಲ್ಲಿ ಅವರಿಬ್ಬರೇ ಮತ್ತೆ ಓಡಿದರು. ಮತ್ತೆ ಲಾಂಗ್‌ಬೋಟ್‌ನದೇ ಜಯ. ಇಂದು ಹೆಸರಾಂತ ಮ್ಯಾರಥಾನ್ ಓಟಗಾರರು ವರ್ಷಕ್ಕೆ ಎರಡು ಮೂರು ಓಟಗಳಿಗಷ್ಟೇ ಇಳಿಯುತ್ತಾರೆಂಬುದನ್ನು ನೆನೆದರೆ ಇದರ ಕ್ರೌರ್ಯ ಅರ್ಥವಾದೀತು. ಗೆದ್ದವನ ಪಾಡೂ ಹೆಚ್ಚು ಉತ್ತಮವಾಗಿರಲಿಲ್ಲ. ಲಾಂಗ್‌ಬೋಟ್‌ನ ಮ್ಯಾನೇಜರ್ ಅವನ ಒಪ್ಪಂದವನ್ನೇ ಕುದುರೆ ಮಾರಿದಂತೆ ಇನ್ನೊಬ್ಬನಿಗೆ ಮಾರಿದ. 1909ರ ಏಪ್ರಿಲ್ 3ರಂದು ನ್ಯೂಯಾರ್ಕಿನಲ್ಲಿ ಆರು ಮಂದಿ ವೃತ್ತಿಪರರು ಒಟ್ಟಿಗೆ ಓಡಿದಾಗ ಬಹುಮಾನ ಗೆದ್ದವನು ಫ್ರಾನ್ಸಿನ ಆಂರಿ ಸೇಂಟ್ ಈವ್. ಪಿಯೆಟ್ರಿಗೆ ಎರಡನೆಯ ಸ್ಥಾನ, ಹೇಯ್ಸ್‌ಗೆ ಮೂರನೆಯದು.

ಅಮೆರಿಕದ ಪ್ರವಾಸದಲ್ಲಿ ಪಿಯೆಟ್ರಿ 22 ಓಟಗಳಲ್ಲಿ 17 ಗೆದ್ದ. 1910ರ ಮೇ ತಿಂಗಳಲ್ಲಿ ಬ್ಯೂನಸ್ ಐರಿಸ್‌ನಲ್ಲಿ ತನ್ನ ಕೊನೆಯ ಮ್ಯಾರಥಾನನ್ನು 2 ಗಂಟೆ 38 ನಿಮಿಷ 48 ಸೆಕೆಂಡಿನಲ್ಲಿ ಮುಗಿಸಿದ. 1911ರ ಅಕ್ಟೋಬರ್ 15ರಂದು ಸ್ವೀಡನ್ನಿನಲ್ಲಿ ಕೊನೆಯ ಬಾರಿ ಓಡಿದ. ಮರುದಿನ ಅವನಿಗೆ 26 ತುಂಬಿತು. ಮೂರು ವರ್ಷದ ವೃತ್ತಿಯಲ್ಲಿ ಗಳಿಸಿದ ಬಹುಮಾನ ಎರಡು ಲಕ್ಷ ಲಿರಾ. ಅಂದಿಗೆ ಅದು ಸಣ್ಣ ಹಣವಲ್ಲ. ಅದನ್ನು ಸಹೋದರನೊಡನೆ ಹೋಟೆಲಿನಲ್ಲಿ ತೊಡಗಿಸಿದ. ವ್ಯಾಪಾರ ಕೈಕೊಟ್ಟಿತು. ಕಡಲ ತೀರದ ಸಾನ್ ರೆಮೊ ಪಟ್ಟಣದಲ್ಲಿ ಮೋಟಾರು ಗ್ಯಾರೇಜ್ ನಡೆಸಿಕೊಂಡಿದ್ದು, 1942ರ ಫೆಬ್ರವರಿ 7ರಂದು ಹೃದಯಾಘಾತದಿಂದ ತೀರಿಕೊಂಡ.

ಪಿಯೆಟ್ರಿಯ ನಂತರವೂ ಹವ್ಯಾಸಿ ನಿಯಮ ಬಹುಕಾಲ ಉಳಿಯಿತು. 1920ರ ಆಂಟ್‌ವರ್ಪ್ ಒಲಿಂಪಿಕ್ಸ್‌ಗೆ ಭಾರತದ ತಂಡ ಹೊರಟಾಗ ಅದರಲ್ಲಿ ನಮ್ಮ ಬೆಳಗಾವಿಯ ಫಡೆಪ್ಪ ಚೌಗುಲೆ ಇದ್ದರು. ಮ್ಯಾರಥಾನಿನಲ್ಲಿ 19ನೆಯವರಾಗಿ ಗುರಿ ಮುಟ್ಟಿದರು. ಆ ತಂಡದ ಪ್ರಯಾಣಕ್ಕೆ ದೊರಾಬ್ಜಿ ಟಾಟಾ ಅವರ ಔದಾರ್ಯ ಬೇಕಾಯಿತು. ಹಣ ಪಡೆದ ಆರೋಪದ ಮೇಲೆ ಫಿನ್ಲೆಂಡಿನ ಪಾವೊ ನುರ್ಮಿಯಂಥ ಮಹಾನ್ ಓಟಗಾರನನ್ನೇ 1932ರ ಒಲಿಂಪಿಕ್ಸ್‌ನಿಂದ ಹೊರಗಿಡಲಾಯಿತು. ಓಟಗಾರರ ಗಳಿಕೆಯನ್ನು ವಿಶ್ವಸ್ತ ನಿಧಿಯಲ್ಲಿ ಇಡಬಹುದೆಂದು ಅಂತರರಾಷ್ಟ್ರೀಯ ಸಂಸ್ಥೆ ಒಪ್ಪಿದ್ದು 1982ರಲ್ಲಿ. ಈಗ ಒಲಿಂಪಿಕ್ ಪದಕ ಗೆದ್ದವರೂ ಬಹುಮಾನಕ್ಕಾಗಿ ರಾಜಾರೋಷವಾಗಿ ಓಡುತ್ತಾರೆ. 2008ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ಹತ್ತು ಕಿಲೋಮೀಟರ್ ಓಟವೂ ಅಂಥದೇ.

ಪಿಯೆಟ್ರಿಗೆ ಪದಕ, ಸಂಪಾದನೆ ಇವೆರಡರಲ್ಲಿ ಒಂದನ್ನು ಮಾತ್ರ ಆರಿಸಿಕೊಳ್ಳುವ ಅವಕಾಶವಿತ್ತು. ಇಂದಿನವರಿಗೆ ಆ ಇಕ್ಕಟ್ಟಿಲ್ಲ. ಆದರೂ ಅವನ ಬದುಕಿನ ಒಂದು ಪಾಠ ಹಳೆಯದಾಗಿಲ್ಲ. ಓಟಗಾರನ ಬಂಡವಾಳ ಅವನ ಎರಡು ಕಾಲು. ಅದು ಕೆಲವೇ ವರ್ಷ ಬಡ್ಡಿ ಕೊಡುತ್ತದೆ. ಅಷ್ಟರಲ್ಲಿ ಕೂಡಿಟ್ಟದ್ದರಿಂದ ಉಳಿದ ಜೀವಮಾನ ಸಾಗಬೇಕು. 26ಕ್ಕೆ ವೃತ್ತಿ ಮುಗಿಸಿದ ಪಿಯೆಟ್ರಿಯ ಮುಂದೆ ಇನ್ನೂ ಮೂವತ್ತು ವರ್ಷಗಳ ಹಾದಿಯಿತ್ತು. ಆ ಹಾದಿಯಲ್ಲಿ ಚಪ್ಪಾಳೆ ತಟ್ಟಲು ಯಾರೂ ನಿಂತಿರಲಿಲ್ಲ.