ಒಲೆಯ ಮುಂದಿನ ಪಾಠಶಾಲೆ: ಮಣಿಪುರದ ಫುಂಗಾ ವಾರಿ

ಇತಿಹಾಸವೆಂದರೆ ಶಾಸನ, ತಾಮ್ರಪಟ, ಹಸ್ತಪ್ರತಿ ಇಷ್ಟೇ ಎಂದು ನಾವು ತಿಳಿದಿದ್ದೇವೆ. ಆದರೆ ಬರೆದಿಟ್ಟದ್ದು ಕೈತಪ್ಪಿದಾಗಲೂ ಒಂದು ಜನಾಂಗದ ನೆನಪು ಉಳಿಯಬಲ್ಲದು ಎಂಬುದಕ್ಕೆ ಮಣಿಪುರದ ಮೈತೇಯಿ ಜನರೇ ಸಾಕ್ಷಿ.

ಮೈತೇಯಿ ಭಾಷೆಯಲ್ಲಿ 'ಫುಂಗಾ' ಎಂದರೆ ಒಲೆ, 'ವಾರಿ' ಎಂದರೆ ಕಥೆ. ಸಂಜೆ ಒಲೆಯ ಸುತ್ತ ಕುಳಿತ ಮೊಮ್ಮಕ್ಕಳಿಗೆ ಅಜ್ಜ ಅಜ್ಜಿಯರು ಹೇಳುತ್ತಿದ್ದ ಕಥೆಗಳೇ ಫುಂಗಾ ವಾರಿ. ನಮ್ಮ ಅಡುಗೂಲಜ್ಜಿ ಕಥೆಗಳ ದೂರದ ಬಂಧುಗಳೆಂದರೂ ಸರಿಯೇ. ಸಾಂದ್ರೆಂಬಿ ಮತ್ತು ಚೈಸ್ರಾ ಕಥೆಯಲ್ಲಿ ತೀರಿಕೊಂಡ ತಾಯಿ ಆಮೆಯಾಗಿ ಮಗಳ ಬಳಿಗೆ ಮರಳುತ್ತಾಳೆ. ಮಲತಾಯಿಗೆ ಅದೂ ಸಹಿಸದು. ಕೈಬು ಕೈಓಯ್ಬಾ ಅರ್ಧ ಹುಲಿ, ಅರ್ಧ ಮನುಷ್ಯ.

ಪೆಬೆಟ್ ಎಂಬ ಪುಟ್ಟ ಹಕ್ಕಿಯ ಕಥೆಯನ್ನೂ ಕೇಳಿ. ಮರಿಗಳಿಗೆ ರೆಕ್ಕೆ ಬಲಿಯುವವರೆಗೆ ತಾಯಿಹಕ್ಕಿ ಬೆಕ್ಕನ್ನು ಹೊಗಳುತ್ತಲೇ ಇರುತ್ತದೆ. ಮರಿಗಳು ಹಾರಲು ಕಲಿತ ದಿನ ಬೆಕ್ಕಿನ ಮುಖಕ್ಕೇ ಸತ್ಯ ಹೇಳುತ್ತದೆ. ದುರ್ಬಲರು ಬದುಕುವ ಉಪಾಯವನ್ನು ಇದಕ್ಕಿಂತ ಸರಳವಾಗಿ ಯಾವ ಪುಸ್ತಕ ಕಲಿಸೀತು? ಹೈಸ್ನಾಂ ಕನ್ಹಯ್ಯಾಲಾಲ್ 1975ರಲ್ಲಿ ಇದೇ ಕಥೆಯನ್ನು ರಂಗಕ್ಕೆ ತಂದು ಹೆಸರಾದರು.

ಈಗ ಇತಿಹಾಸಕ್ಕೆ ಬರೋಣ. 1709ರಲ್ಲಿ ಪಟ್ಟವೇರಿದ ರಾಜ ಪಾಮ್‌ಹೈಬಾ 'ಗರೀಬ್ ನವಾಜ್' ಎಂಬ ಪರ್ಷಿಯನ್ ಬಿರುದಿನಿಂದಲೇ ಪ್ರಸಿದ್ಧ. ಅವನ ಕಾಲದಲ್ಲಿ 'ಪುಯಾ' ಎಂಬ ಪ್ರಾಚೀನ ಹಸ್ತಪ್ರತಿಗಳನ್ನು ಸುಡಲಾಯಿತು ಎಂದು ಪರಂಪರೆ ಹೇಳುತ್ತದೆ. ಮುಂದೆ ಮೈತೇಯಿ ಲಿಪಿ ಹಿಂದೆ ಸರಿದು ಬಂಗಾಳಿ ಲಿಪಿ ಬಳಕೆಗೆ ಬಂತು. ಲಿಪಿ ಹೋದರೂ ಒಲೆಯ ಮುಂದಿನ ಕಥೆ ನಿಲ್ಲಲಿಲ್ಲ; ನಾಲಿಗೆಗೆ ಲಿಪಿಯ ಹಂಗಿಲ್ಲವಷ್ಟೆ! ಖಂಬಾ-ಥೋಯ್ಬಿಯರ ಪ್ರೇಮಕಥೆಯನ್ನು ಗಾಯಕರು ಪೆನಾ ಎಂಬ ತಂತಿವಾದ್ಯದೊಡನೆ ಹಾಡಿ ಉಳಿಸಿದರು. 1891ರಲ್ಲಿ ಬ್ರಿಟಿಷರೊಡನೆ ನಡೆದ ಖೋಂಗ್‌ಜೋಮ್ ಕದನವನ್ನು 'ಖೋಂಗ್‌ಜೋಮ್ ಪರ್ಬ' ಎಂಬ ಲಾವಣಿ ಮನೆಮನೆಗೆ ಮುಟ್ಟಿಸಿತು. ಇದನ್ನು ಮೊದಲು ಹಾಡಿದವನು ಲೈನೌ ಎಂಬ ಅಗಸನೆಂದು ಹೇಳುತ್ತಾರೆ.

ಮಣಿಪುರದ ಮುಸ್ಲಿಮರಾದ ಪಂಗಾಲರ ಮನೆಮಾತೂ ಮೈತೇಯಿಯೇ. 17ನೇ ಶತಮಾನದ ಆರಂಭದಲ್ಲಿ, ರಾಜ ಖಾಗೆಂಬನ ಕಾಲದಲ್ಲಿ, ಅವರ ಪೂರ್ವಿಕರು ಅಲ್ಲಿ ನೆಲೆಸಿದರು. ಒಂದು ಭಾಷೆಯ ಸೂರಿನಡಿ ಎರಡು ಧರ್ಮಗಳು ಬಾಳಿದ್ದನ್ನು ಉರ್ದು ಮತ್ತು ಕನ್ನಡ ಎರಡನ್ನೂ ಬಲ್ಲ ನಮಗೆ ಬಿಡಿಸಿ ಹೇಳಬೇಕಿಲ್ಲ.

1992ರಲ್ಲಿ ಮಣಿಪುರಿ ಭಾಷೆ ಸಂವಿಧಾನದ ಎಂಟನೇ ಅನುಸೂಚಿಗೆ ಸೇರಿತು. ಹಳೆಯ ಲಿಪಿಯೂ ಶಾಲೆಗಳಿಗೆ ಮರಳಿದೆ. ಆದರೆ ಒಲೆಯ ಜಾಗಕ್ಕೆ ಗ್ಯಾಸ್ ಬಂದಿದೆ, ಅಜ್ಜಿಯ ಜಾಗಕ್ಕೆ ಮೊಬೈಲ್ ಬಂದಿದೆ. 2023ರ ಮೇ 3ರಂದು ಮೈತೇಯಿ ಮತ್ತು ಕುಕಿ ಸಮುದಾಯಗಳ ನಡುವೆ ಭುಗಿಲೆದ್ದ ಹಿಂಸೆಯಲ್ಲಿ ಎರಡೂ ಕಡೆಯ ಸಾವಿರಾರು ಕುಟುಂಬಗಳು ಮನೆ ಕಳೆದುಕೊಂಡು ಶಿಬಿರ ಸೇರಿದವು. ಮನೆ ಸುಟ್ಟರೆ ಒಲೆಯೂ ಹೋಗುತ್ತದೆ. ಒಲೆಯೊಡನೆ ಕಥೆ ಹೇಳುವ ಸಂಜೆಯೂ ಹೋಗುತ್ತದೆ.

ಉರ್ದುವಿನ ದಾಸ್ತಾನ್‌ಗೋಯಿ ಕಲೆಗೂ ಇಂಥದೇ ಗತಿ ಬಂದಿತ್ತು. ದೆಹಲಿಯ ಮೀರ್ ಬಾಕರ್ ಅಲಿ 1928ರಲ್ಲಿ ತೀರಿಕೊಂಡಾಗ ಆ ಪರಂಪರೆಯೇ ಮುಗಿಯಿತೆಂದರು. 2005ರಲ್ಲಿ ಹೊಸ ತಲೆಮಾರಿನವರು ಅದಕ್ಕೆ ಮತ್ತೆ ಜೀವ ತುಂಬಿದರು. ಆದರೆ ನಡುವಿನ ಮುಕ್ಕಾಲು ಶತಮಾನದಲ್ಲಿ ಎಷ್ಟು ಕಥೆಗಳು ಹೇಳುವವರಿಲ್ಲದೆ ಹೋದವೋ!

ವಿದ್ಯಾರ್ಥಿ ಮಿತ್ರರೇ, ನಿಮ್ಮ ಮನೆಯಲ್ಲಿ ನಾನಿಯೋ, ದಾದಿಯೋ, ಅಜ್ಜಿಯೋ ಇದ್ದರೆ ಇಂದೇ ಅವರ ಬಳಿ ಕುಳಿತು ಒಂದು ಕಥೆ ಕೇಳಿ, ಅವರ ಮಾತಿನಲ್ಲೇ ಬರೆದುಕೊಳ್ಳಿ. ಯಾರಿಂದ, ಯಾವ ಊರಿನಲ್ಲಿ, ಎಂದು ಕೇಳಿದಿರಿ ಎಂಬುದನ್ನೂ ಕೆಳಗೆ ನಮೂದಿಸಿ. ಇತಿಹಾಸಕಾರನ ಕೆಲಸ ಶುರುವಾಗುವುದೇ ಅಲ್ಲಿಂದ.