ಪಾಸ್‌ಪೋರ್ಟಿನ ಬೆಲೆ

ನಮ್ಮ ಆರ್‌ಪಿಸಿ ಲೇಔಟಿನ ಹಿರಿಯರು ಪಾಸ್‌ಪೋರ್ಟ್ ಮಾಡಿಸುವುದು ಲೋಕ ಸುತ್ತಲಿಕ್ಕಲ್ಲ, ಪರದೇಶದಲ್ಲಿರುವ ಮಗಳ ಬಾಣಂತನಕ್ಕೆ. 2012ರ ಅಕ್ಟೋಬರಿನಲ್ಲಿ ಸಾವಿರ ರೂಪಾಯಿಯ ಶುಲ್ಕ 1500 ಆಯಿತು. ದುಬಾರಿಯೇ, ನಿಜ. ಆದರೆ 1967ಕ್ಕೆ ಮುಂಚೆ ದುಡ್ಡಿದ್ದರೂ ಪಾಸ್‌ಪೋರ್ಟ್ ಸಿಕ್ಕೀತೆಂಬ ಭರವಸೆಯಿರಲಿಲ್ಲ. ಕೊಡುವುದು ಬಿಡುವುದು ಸರ್ಕಾರದ ಮರ್ಜಿ. ಮೊಮ್ಮಗುವಿನ ಮುಖ ನೋಡಲೂ ಅಧಿಕಾರಿಯ ಕೃಪೆ ಬೇಕು! ಸತ್ವಂತ್ ಸಿಂಗ್ ಸಾಹ್ನಿ ಎಂಬ ವ್ಯಾಪಾರಿ ಸುಪ್ರೀಂ ಕೋರ್ಟಿಗೆ ಹೋದರು. ಆ ವರ್ಷದ ಏಪ್ರಿಲಿನಲ್ಲಿ ಐವರು ನ್ಯಾಯಮೂರ್ತಿಗಳಲ್ಲಿ ಮೂವರು, ವಿದೇಶಕ್ಕೆ ಹೋಗುವುದೂ ಸಂವಿಧಾನದ 21ನೇ ವಿಧಿಯ ವೈಯಕ್ತಿಕ ಸ್ವಾತಂತ್ರ್ಯವೇ ಎಂದರು. ಇಬ್ಬರು ಒಪ್ಪಲಿಲ್ಲ. ಎಷ್ಟು ಸಣ್ಣ ಅಂತರ ನೋಡಿ! ಜೂನಿನಲ್ಲೇ ಪಾಸ್‌ಪೋರ್ಟ್ ಕಾಯಿದೆ ಬಂತು. ನಿರಾಕರಿಸಿದರೆ ಕಾರಣ ಬರೆದಿಡಬೇಕಾಯಿತು. 2017ರಲ್ಲಿ ಅರವತ್ತು ದಾಟಿದವರಿಗೆ ಶೇಕಡಾ 10 ರಿಯಾಯಿತಿಯೂ ಸಿಕ್ಕಿತು. ಉಳಿದ ನೂರೈವತ್ತು ಪಾಸ್‌ಪೋರ್ಟ್ ಕೇಂದ್ರಕ್ಕೆ ಹೋಗಿಬರುವ ಆಟೋಕ್ಕೇ ಸಾಲದು.