ಮಸಿಯಿಂದ ಬೆಳಕಿಗೆ

ಸಿನಿಮಾ ನೋಡಿ ಹೊರಬಂದಾಗ ನಾವು ನಟರನ್ನು ಹೊಗಳುತ್ತೇವೆ. ಸ್ವಲ್ಪ ಬಲ್ಲವರಾದರೆ ನಿರ್ದೇಶಕನ ಹೆಸರನ್ನೂ ಹೇಳುತ್ತೇವೆ. ಆ ದೃಶ್ಯಗಳನ್ನು ನಮಗೆ ಕಾಣಿಸಿಕೊಟ್ಟ ಛಾಯಾಗ್ರಾಹಕ ಯಾರೆಂದು ಕೇಳುವುದು ಮಾತ್ರ ಅಪರೂಪ. ಜಪಾನಿನ ಕಝುವೊ ಮಿಯಾಗಾವಾ ಹಾಗೆ ನಮ್ಮ ಮರೆವಿಗೆ ಸಂದ ಕಲಾವಿದ.

1908ರಲ್ಲಿ ಕ್ಯೋಟೊದಲ್ಲಿ ಹುಟ್ಟಿದ ಮಿಯಾಗಾವಾ ಬಾಲ್ಯದಲ್ಲಿ ಕಲಿತದ್ದು ಮಸಿಯ ಚಿತ್ರಕಲೆ. ಇರುವುದು ಒಂದೇ ಕಪ್ಪು. ನೀರು ಬೆರೆತಂತೆ ಅದರಿಂದಲೇ ಹತ್ತಾರು ಛಾಯೆಗಳು ಮೂಡಬೇಕು. 1926ರಲ್ಲಿ ನಿಕ್ಕಾತ್ಸು ಸ್ಟುಡಿಯೋದಲ್ಲಿ ಫಿಲ್ಮ್ ತೊಳೆಯುವ ವಿಭಾಗಕ್ಕೆ ಸೇರಿದ ಅವರು, 1935ರ ಹೊತ್ತಿಗೆ ಸ್ವತಂತ್ರ ಛಾಯಾಗ್ರಾಹಕರಾದರು.

1943ರಲ್ಲಿ ಹಿರೋಶಿ ಇನಾಗಾಕಿ ನಿರ್ದೇಶಿಸಿದ ಚಿತ್ರವೊಂದಕ್ಕೆ ಅವರು ಕ್ಯಾಮೆರಾ ಹಿಡಿದರು. ರಿಕ್ಷಾ ಎಳೆಯುವ ಬಡವನೊಬ್ಬ ಸೇನಾಧಿಕಾರಿಯ ವಿಧವೆಗೂ ಅವಳ ಮಗನಿಗೂ ಆಸರೆಯಾಗುವ ಕಥೆ ಅದು. ಆತ ತನ್ನ ಪ್ರೀತಿಯನ್ನು ಬಾಯಿಬಿಟ್ಟು ಹೇಳುವ ದೃಶ್ಯವನ್ನು ಯುದ್ಧಕಾಲದ ಸರಕಾರ ಕತ್ತರಿಸಿ ಹಾಕಿತು. ಸೇನಾಧಿಕಾರಿಯ ವಿಧವೆಯನ್ನು ಕೂಲಿಯವನು ಪ್ರೀತಿಸುವುದೇ! ಯುದ್ಧ ಸೋತ ಮೇಲೆ ಅಮೆರಿಕದ ಆಡಳಿತ ಬಂತು. ರಶ್ಯಾದ ಮೇಲಿನ ಜಪಾನಿನ ವಿಜಯೋತ್ಸವದ ದೃಶ್ಯಗಳಿಗೆ ಅದೂ ಕತ್ತರಿ ಆಡಿಸಿತು. ಪರಸ್ಪರ ಶತ್ರುಗಳಾಗಿದ್ದ ಎರಡು ಅಧಿಕಾರಗಳು ಒಬ್ಬ ಕಲಾವಿದನ ಕೆಲಸದ ಮೇಲೆ ಒಂದೇ ಆಯುಧವನ್ನು ಎತ್ತಿದವು. 1958ರಲ್ಲಿ ಇನಾಗಾಕಿ ಅದೇ ಕಥೆಯನ್ನು ಮತ್ತೆ ಚಿತ್ರೀಕರಿಸಿ ವೆನಿಸ್‌ನಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಗೆದ್ದರು. ಆದರೆ ಮಿಯಾಗಾವಾ ಸೆರೆಹಿಡಿದಿದ್ದ ಆ ಪ್ರೇಮನಿವೇದನೆ ಮರಳಿ ಸಿಗಲೇ ಇಲ್ಲ.

1950ರಲ್ಲಿ ಅಕಿರಾ ಕುರೊಸಾವಾ ಅವರ ‘ರಶೋಮನ್’ ಬಂತು. ದಟ್ಟ ಕಾಡಿನೊಳಗೆ ಮಿಯಾಗಾವಾ ಕನ್ನಡಿಗಳಿಂದ ಬಿಸಿಲನ್ನು ನಟರ ಮುಖಕ್ಕೆ ಹಾಯಿಸಿದರು. ಕ್ಯಾಮೆರಾವನ್ನು ನೇರವಾಗಿ ಸೂರ್ಯನತ್ತಲೇ ತಿರುಗಿಸಿದರು. ಹೆಬ್ಬಾಗಿಲ ಬಳಿಯ ಮಳೆ ತೆರೆಯ ಮೇಲೆ ಎದ್ದು ಕಾಣಲೆಂದು ನೀರಿಗೆ ಕಪ್ಪು ಮಸಿ ಬೆರೆಸಲಾಯಿತು. ಬಾಲ್ಯದ ಮಸಿ ಹೀಗೆ ಮತ್ತೆ ಜೊತೆಗೂಡಿತು! 1951ರಲ್ಲಿ ಆ ಚಿತ್ರಕ್ಕೂ ವೆನಿಸ್‌ನ ಚಿನ್ನದ ಸಿಂಹ ದೊರೆಯಿತು. ಜಗತ್ತು ಜಪಾನೀ ಸಿನಿಮಾದತ್ತ ತಿರುಗಿ ನೋಡಿತು.

ಮಿಝೊಗುಚಿಯವರ ‘ಉಗೆತ್ಸು’ವಿನಲ್ಲಿ (1953) ಅವರ ಕ್ಯಾಮೆರಾ ಕ್ರೇನ್ ಏರಿ ತೇಲಿತು. ಓಝು ಅವರ ‘ತೇಲುವ ಜೊಂಡು’ವಿನಲ್ಲಿ (1959) ಅದೇ ಕ್ಯಾಮೆರಾ ನೆಲದ ಹತ್ತಿರ ಕದಲದೆ ಕುಳಿತಿತು. ಇಚಿಕಾವಾ ಅವರ ‘ತಮ್ಮ’ದಲ್ಲಿ (1960) ಫಿಲ್ಮಿನ ಬೆಳ್ಳಿಯನ್ನು ಪೂರ್ತಿ ತೊಳೆಯದೆ ಉಳಿಸಿ, ಮಾಸಿದ ನೆನಪಿನಂಥ ಬಣ್ಣ ತಂದರು. ಮೂವರು ನಿರ್ದೇಶಕರಿಗೆ ಮೂರು ಬಗೆಯ ಕಣ್ಣಾದವರು ತಮ್ಮದೊಂದೇ ಶೈಲಿಯನ್ನು ಮೆರೆಸಲಿಲ್ಲ. ಅವರ ಹೆಸರು ಹಿಂದೆ ಸರಿಯಲು ಇದೂ ಒಂದು ಕಾರಣವಿರಬಹುದು.

1999ರಲ್ಲಿ ಮಿಯಾಗಾವಾ ತೀರಿಕೊಂಡರು. ಅವರ ಕಾಲದ ಚಿತ್ರಗಳಲ್ಲಿ ದುಡಿದವರ ಹೆಸರುಗಳು ಆರಂಭದಲ್ಲೇ ಬರುತ್ತವೆ. ಮುಂದೆಂದಾದರೂ ‘ರಶೋಮನ್’ ನೋಡುವಾಗ ನಾವು ಅವನ್ನೂ ಓದೋಣ.